ಕ್ಯಾಸಲ್‌ರಾಕ್‌ನಲ್ಲಿ ಗಾಡಿ ಯಾಕೆ ನಿಲ್ಲುತ್ತೆ?

ಕ್ಯಾಸಲ್‌ರಾಕ್ ಅಂದ ಕೂಡಲೇ ನಮ್ಮ ಆಫೀಸಿನ ಹುಡುಗರು ಕೇಳೋದು ಒಂದೇ ಮಾತು. "ಅಲ್ಲಿಂದ ಹಳಿ ಮೇಲೆ ನಡ್ಕೊಂಡು ದೂಧಸಾಗರಕ್ಕೆ ಹೋಗೋಕೆ ಬಿಡ್ತಾರಾ ಮೇಡಂ?" ಬಿಡಲ್ಲ. 2023ರ ಜುಲೈನಲ್ಲಿ ಹಾಗೆ ಹೋದವರಿಗೆ ರೈಲ್ವೆ ಪೊಲೀಸರು ಬಸ್ಕಿ ಹೊಡೆಸಿದ ವಿಡಿಯೋ ಎಲ್ಲರ ಮೊಬೈಲಿಗೂ ಬಂದಿತ್ತು. ಬಸ್ಕಿ ಹೊಡೆಸಿದ್ದು ಸರಿಯೋ ತಪ್ಪೋ, ಆ ಜಗಳ ಬೇರೆ. ನನಗೆ ಬೇಜಾರಾಗೋದು ಇಷ್ಟಕ್ಕೆ: ಜಲಪಾತ ನೋಡೋ ಆತುರದಲ್ಲಿ ಸ್ಟೇಷನ್ ಕಡೆ ಯಾರೂ ತಿರುಗಿಯೂ ನೋಡಲ್ಲ.

ಸ್ಟೇಷನ್ ದೊಡ್ಡದೇನಲ್ಲ. ಉತ್ತರ ಕನ್ನಡ ಜಿಲ್ಲೆ, ಜೋಯಿಡಾ ತಾಲ್ಲೂಕು, ಸುತ್ತ ಕಾಡು. ಲೋಂಡಾ ಬಿಟ್ಟ ಗಾಡಿ ತಿನೈಘಾಟ್ ದಾಟಿ ಇಲ್ಲಿಗೆ ಬರುತ್ತೆ. ಮುಂದೆ ಗೋವಾ. ಇಲ್ಲಿ ಇಳಿಯೋರು ಕಮ್ಮಿ, ಹತ್ತೋರು ಅದಕ್ಕಿಂತ ಕಮ್ಮಿ. ಆದ್ರೂ ಗೋವಾದ ವಾಸ್ಕೋದಿಂದ ದಿಲ್ಲಿಗೆ ಓಡೋ ಗೋವಾ ಎಕ್ಸ್‌ಪ್ರೆಸ್ ಆಗಲಿ, ಹೌರಾಕ್ಕೆ ಹೋಗೋ ಅಮರಾವತಿ ಆಗಲಿ, ಇಲ್ಲಿ ನಿಂತೇ ಮುಂದೆ ಹೋಗಬೇಕು. ಕಾಲಾಡಿಸಿ, ಫೋಟೋ ತೆಗೆದು ಮುಗಿದರೂ ಗಾಡಿ ಹೊರಡಲ್ಲ. ಒಳಗೆ ಕೂತವರು ಗೊಣಗ್ತಾರೆ.

ಯಾಕೆ ನಿಲ್ಲುತ್ತೆ ಅನ್ನೋದಕ್ಕೆ ಒಂದು ಕಾಲದಲ್ಲಿ ಒಂದು ಉತ್ತರ ಇತ್ತು. ಈಗ ಇನ್ನೊಂದು ಇದೆ. ನಾನು ಹೇಳಬೇಕು ಅಂತಿರೋದು ಆ ಎರಡು ಉತ್ತರಗಳ ಕಥೆ.

ನಾನು ಅಳ್ನಾವರದವಳು. ಒಂದು ಕಡೆ ಧಾರವಾಡ, ಇನ್ನೊಂದು ಕಡೆ ಲೋಂಡಾ, ಮತ್ತೊಂದು ಕಡೆ ದಾಂಡೇಲಿ ಲೈನು. ಊರಲ್ಲಿ ರೈಲ್ವೆಯ ಸಂಬಂಧ ಇಲ್ಲದ ಮನೆ ಹುಡುಕಬೇಕು. ನಮ್ಮವ್ವನ ತಮ್ಮ, ಅಂದ್ರೆ ನಮ್ಮ ಮಾವ, ಮೀಟರ್ ಗೇಜ್ ಕಾಲದಲ್ಲಿ, ಅಂದ್ರೆ ಹಳಿಗಳ ನಡುವೆ ಒಂದೇ ಮೀಟರ್ ಅಂತರ ಇದ್ದಾಗ, ಗಾರ್ಡ್ ಆಗಿದ್ದ. ಘಟ್ಟದ ಗಾಡಿಗಳಲ್ಲೇ ಅವನ ಅರ್ಧ ಸರ್ವೀಸ್ ಕಳೀತು. ಮುಂದೆ ಬರೋ ಬ್ರೇಕು, ಬ್ಯಾಂಕರು, ಸೈಡಿಂಗಿನ ಮಾತೆಲ್ಲ ಅವನಿಂದ ಕಲಿತದ್ದು.

ಮೊದಲು ಹತ್ತಿಯ ವಿಷಯ. ಹತ್ತಿ ಇಲ್ಲದಿದ್ರೆ ಈ ಲೈನೇ ಇರ್ತಿರಲಿಲ್ಲ.

ಧಾರವಾಡ ಸೀಮೆಯ ಹತ್ತಿ ಹಿಂದೆ ಎತ್ತಿನ ಗಾಡಿಯಲ್ಲಿ ಘಟ್ಟ ಇಳಿದು ಕುಮಟಾ ಬಂದರಿಗೆ ಹೋಗ್ತಿತ್ತು. ಮುಂಬೈ ಪೇಟೆಯಲ್ಲಿ ಅದಕ್ಕೆ 'ಕುಮಟಾ ಹತ್ತಿ' ಅಂತಲೇ ಹೆಸರು. ಬೆಳೆದವರು ಧಾರವಾಡದ ರೈತರು, ಹೆಸರು ಬಂದರಿಗೆ. ಇರಲಿ. ಬ್ರಿಟಿಷರಿಗೆ ಈ ಹತ್ತಿಯನ್ನ ಬೇಗ ಸಮುದ್ರಕ್ಕೆ ಮುಟ್ಟಿಸಬೇಕಿತ್ತು. ಕಾರವಾರಕ್ಕೆ ರೈಲು ತರೋ ಮಾತು ಜೋರಾಗಿಯೇ ನಡೀತು. ಬಂದರಿನ ಕೆಲಸವೂ ಶುರುವಾಗಿತ್ತು. ಆದ್ರೆ ಕೊನೆಗೆ ರೈಲು ಹೋಗಿದ್ದು ಕಾರವಾರಕ್ಕಲ್ಲ, ಪೋರ್ಚುಗೀಸರ ಕೈಲಿದ್ದ ಗೋವಾದ ಮುರ್ಗಾಂವಕ್ಕೆ. ಹುಬ್ಬಳ್ಳಿಯಿಂದ ಕರಾವಳಿಗೆ ನಮ್ಮದೇ ಒಂದು ಲೈನು ಬೇಕು ಅನ್ನೋ ಕೂಗು ಅವತ್ತಿನಿಂದ ಇವತ್ತಿನವರೆಗೂ ನಿಂತಿಲ್ಲ. ಹುಬ್ಬಳ್ಳಿ–ಅಂಕೋಲಾ ಮಾರ್ಗ 1990ರ ದಶಕದಿಂದ ಕಾಗದದಲ್ಲೇ ಓಡ್ತಿದೆ. ಈ ವಿಷಯ ಎತ್ತಿದರೆ ನಮ್ಮ ಕಡೆ ಮದುವೆ ಮನೆಯಲ್ಲೂ ಊಟ ತಣ್ಣಗಾಗುತ್ತೆ.

1878ರ ಡಿಸೆಂಬರ್‌ನಲ್ಲಿ ಬ್ರಿಟನ್ನಿಗೂ ಪೋರ್ಚುಗಲ್ಲಿಗೂ ಒಂದು ಒಪ್ಪಂದ ಆಯ್ತು. ಮುರ್ಗಾಂವದಲ್ಲಿ ಬಂದರು, ಅಲ್ಲಿಂದ ಗಡಿವರೆಗೆ ರೈಲು. ಗಡಿಯಿಂದ ಈಚೆಗೆ ಬ್ರಿಟಿಷರ ಕಡೆಯ ಲೈನು ಬಂದು ಕೂಡಿಕೊಳ್ಳಬೇಕು. ಎರಡೂ ಕಡೆಯ ಸುಂಕ ಒಂದೇ ಮಾಡಬೇಕು. ಇದಕ್ಕೆ ಬದಲಾಗಿ ಗೋವಾದ ಉಪ್ಪಿನ ವ್ಯವಹಾರ ಪೂರ್ತಿ ಬ್ರಿಟಿಷರ ಹಿಡಿತಕ್ಕೆ. ಪೋರ್ಚುಗೀಸ್ ಸರ್ಕಾರಕ್ಕೆ ವರ್ಷಕ್ಕೆ 4 ಲಕ್ಷ ರೂಪಾಯಿ. ಓದೋಕೆ ಚೆನ್ನಾಗಿದೆ. ಗೋವಾದ ಉಪ್ಪಿನಾಗರದವರಿಗೆ ಮಾತ್ರ ಇದು ಹೊಟ್ಟೆ ಮೇಲೆ ಬಿದ್ದ ಹೊಡೆತ. ತಮ್ಮ ಗದ್ದೆಯ ಉಪ್ಪಿಗೆ ಬೇರೆ ಸರ್ಕಾರದ ಕಾವಲು, ಬೇರೆಯವರ ಲೆಕ್ಕ.

ಗೋವಾ ಕಡೆಯ ಲೈನು ಹಾಕೋಕೆ 1881ರಲ್ಲಿ ಒಂದು ಕಂಪನಿ ಹುಟ್ಟಿತು. ಹೆಸರೇ ಒಂದು ಗೂಡ್ಸ್ ಗಾಡಿಯಷ್ಟು ಉದ್ದ: ವೆಸ್ಟ್ ಆಫ್ ಇಂಡಿಯಾ ಪೋರ್ಚುಗೀಸ್ ಗ್ಯಾರಂಟೀಡ್ ರೈಲ್ವೇ. ದುಡ್ಡು, ಇಂಜಿನಿಯರು ಎಲ್ಲ ಇಂಗ್ಲೆಂಡಿನವರೇ. ಪೋರ್ಚುಗೀಸರದು ನೆಲ ಮತ್ತು ಗ್ಯಾರಂಟಿ. ಗ್ಯಾರಂಟಿ ಅಂದ್ರೆ ಏನು? ಲೈನು ಲಾಭ ಮಾಡಲಿ ಬಿಡಲಿ, ಹೂಡಿದ ಹಣಕ್ಕೆ ಬಡ್ಡಿ ಬಂದೇ ಬರುತ್ತೆ, ಕಮ್ಮಿ ಬಿದ್ದರೆ ಸರ್ಕಾರ ತುಂಬಿಕೊಡುತ್ತೆ ಅಂತ. ಪೋರ್ಚುಗಲ್ ತುಂಬಿಕೊಡ್ತಾನೇ ಇತ್ತು.

ಈಚೆ ಕಡೆ ಸದರ್ನ್ ಮರಾಠಾ ರೈಲ್ವೆ ಲೋಂಡಾದಿಂದ ಕಾಡು ಕಡಿದುಕೊಂಡು ಬಂತು. ಆಗಿನ ಸೂಪಾ ತಾಲ್ಲೂಕು ಅಂದ್ರೆ ಮಲೇರಿಯಾದ ಮನೆ. ಮಳೆಗಾಲದಲ್ಲಿ ಕೆಲಸ ನಿಲ್ಲೋದು, ಜ್ವರ ಬಂದು ಕೂಲಿಯವರು ಓಡಿಹೋಗೋದು, ಇದೆಲ್ಲ ಇದ್ದದ್ದೇ. ಆಚೆ ಕಡೆ 1887ರಲ್ಲಿ ಮುರ್ಗಾಂವದಿಂದ ಸಾವರ್ಡೆವರೆಗೆ ಗಾಡಿ ಓಡ್ತು. ಮುಂದಿನ ವರ್ಷ, 1888ರಲ್ಲಿ, ಘಟ್ಟದ ಭಾಗವೂ ತಯಾರಾಗಿ ಎರಡೂ ಕಡೆಯ ಹಳಿ ಕೂಡಿದವು. ಮುರ್ಗಾಂವದಿಂದ ಗಡಿಗೆ 51 ಮೈಲಿ. ಗಡಿ ದಾಟಿ ಮೇಲೆ ಬಂದ ಕೂಡಲೇ ಸಿಗೋ ಬ್ರಿಟಿಷ್ ಸ್ಟೇಷನ್ನೇ ಕ್ಯಾಸಲ್‌ರಾಕ್. ಘಟ್ಟಕ್ಕೆ ಪೋರ್ಚುಗಲ್ಲಿನ ರಾಜಮನೆತನದ ಹೆಸರಿಟ್ಟರು, ಬ್ರಗಾಂಜಾ ಘಾಟ್. ರಾಜರು ಹೋಗಿ ನೂರು ವರ್ಷ ದಾಟಿದರೂ ರೈಲ್ವೆಯವರ ಬಾಯಲ್ಲಿ ಆ ಹೆಸರು ಇನ್ನೂ ಇದೆ.

ಹತ್ತಿ ಬಂತಾ? ಬಂತು, ಆದ್ರೆ ಅಂದುಕೊಂಡಷ್ಟಲ್ಲ. ಮುಂಬೈ ಕಡೆಯ ರೈಲ್ವೆ ಕಂಪನಿಗಳು ಬಾಡಿಗೆ ಇಳಿಸಿ ಸರಕನ್ನ ತಮ್ಮ ಕಡೆಗೇ ಎಳಕೊಂಡವು. ಒಪ್ಪಂದ 12 ವರ್ಷಕ್ಕೆ ಮುಗೀತು. 1892ರಿಂದ ಗಡಿಯಲ್ಲಿ ಮತ್ತೆ ಸುಂಕ. 1902ರಲ್ಲಿ ಗೋವಾ ಲೈನನ್ನ ಓಡಿಸೋ ಕೆಲಸವೂ ಸದರ್ನ್ ಮರಾಠಾದವರ ಕೈಗೆ ಬಂತು. 1908ರಲ್ಲಿ ಅದು ಮದ್ರಾಸ್ ರೈಲ್ವೆ ಜೊತೆ ಸೇರಿ ಮದ್ರಾಸ್ ಅಂಡ್ ಸದರ್ನ್ ಮರಾಠಾ, ಅಂದ್ರೆ ಎಂ ಅಂಡ್ ಎಸ್‌ಎಂ ಆಯ್ತು. ನಮ್ಮ ಅಜ್ಜನ ವಾರಗೆಯವರು ಕೊನೇವರೆಗೂ ರೈಲ್ವೆಗೆ 'ಎಂಎಸ್ಸೆಂ' ಅಂತಲೇ ಅಂತಿದ್ದರು.

ಈಗ ಮೊದಲನೇ ಉತ್ತರಕ್ಕೆ ಬರೋಣ. ಗಾಡಿ ನಿಲ್ತಿದ್ದದ್ದು ಕಸ್ಟಮ್ಸ್‌ಗಾಗಿ.

ನಮ್ಮ ಓಣಿಯಲ್ಲಿ ಗೋವಾ ಕಡೆಯ ಒಬ್ಬ ಅಜ್ಜಿ ಇದ್ದರು. ನಾವೆಲ್ಲ ಮಾಯ್ ಅಂತ ಕರೀತಿದ್ವಿ. ಮಡಗಾಂವದ ಕಡೆಯವರು, ಗಂಡ ರೈಲ್ವೆ ಯೂನಿಫಾರ್ಮ್ ಹೊಲಿಯೋ ಟೇಲರ್. ದೇಶಕ್ಕೆ ಸ್ವಾತಂತ್ರ್ಯ ಬಂದು ಒಂದೆರಡು ವರ್ಷಕ್ಕೆ ಮದುವೆಯಾಗಿ ಅಳ್ನಾವರಕ್ಕೆ ಬಂದವರು. ಅವರ ಮಾತಲ್ಲಿ ಕೊಂಕಣಿ, ಕನ್ನಡ, ಮರಾಠಿ ಮೂರೂ ಒಂದೇ ವಾಕ್ಯದಲ್ಲಿ ಇರ್ತಿದ್ದವು. ತವರಿಂದ ಮೊದಲ ಸಲ ಬಂದ ಕಥೆಯನ್ನ ಕ್ರಿಸ್‌ಮಸ್ ಬಂದಾಗಲೆಲ್ಲ ಹೇಳೋರು.

ಘಟ್ಟದ ಕೆಳಗೆ ಗೋವಾ ಕಡೆಯ ಸ್ಟೇಷನ್ ಕುಲೆಂ. ಅಲ್ಲಿ ಪೋರ್ಚುಗೀಸರ ತಪಾಸಣೆ. ಎಲ್ಲರೂ ಇಳೀಬೇಕು, ಟ್ರಂಕ್ ತೆಗೀಬೇಕು, ಕಾಗದ ತೋರಿಸಬೇಕು. ಮುಗಿಸಿ ಮತ್ತೆ ಕಟ್ಟಿ ಹತ್ತಿದರೆ ಘಟ್ಟ. ಘಟ್ಟ ಏರಿ ಬಂದ ಮೇಲೆ ಕ್ಯಾಸಲ್‌ರಾಕ್‌ನಲ್ಲಿ ಇಂಡಿಯಾದವರ ತಪಾಸಣೆ. ಅದೇ ಟ್ರಂಕು, ಮತ್ತೆ ಬಿಚ್ಚು. ಗೋವಾದಲ್ಲಿ ಆಗ ಹೊರದೇಶದ ಸಾಮಾನು ಅಗ್ಗ. ವಾಚು, ಪೆನ್ನು, ವಿಸ್ಕಿ, ಎಲ್ಲಕ್ಕಿಂತ ಜಾಸ್ತಿ ಚಿನ್ನ. ಈ ಕಡೆ ತಂದ್ರೆ ಲಾಭ. ಹಾಗಾಗಿ ಕಸ್ಟಮ್ಸ್‌ನವರು ಯಾರನ್ನೂ ನಂಬ್ತಿರಲಿಲ್ಲ. ಮಾಯ್ ಟ್ರಂಕಿನಲ್ಲಿ ಅವರಮ್ಮ ಮಾಡಿಕೊಟ್ಟ ದೋದೋಲ್ ಇತ್ತು. ತೆಂಗಿನ ಹಾಲು, ಕರಿ ಬೆಲ್ಲ ಹಾಕಿ ಮಾಡೋ, ಹಲ್ವಾಕ್ಕಿಂತ ಗಟ್ಟಿ ಇರೋ ಸಿಹಿ. ಆ ಅಧಿಕಾರಿ ಒಂದು ಕಬ್ಬಿಣದ ಕಡ್ಡಿ ತಗೊಂಡು ದೋದೋಲ್‌ಗೆ ಅಲ್ಲಲ್ಲಿ ಚುಚ್ಚಿದ. ಒಳಗೆ ಚಿನ್ನದ ಬಿಸ್ಕತ್ತು ಇರಬಹುದು ಅಂತ. ಕಡ್ಡಿ ಹೊರಗೆ ಎಳೆದಾಗ ತುದಿಗೆ ಅಂಟಿದ ಸಿಹಿಯನ್ನ ಏನು ಮಾಡಬೇಕು ಅಂತ ತಿಳೀದೆ ಒಂದು ಕ್ಷಣ ನಿಂತ. ಆಮೇಲೆ ಬಾಯಿಗೆ ಹಾಕ್ಕೊಂಡ. "ಚೊಲೋ ಆಗೇದ ಅಂದ, ಟ್ರಂಕ್ ಮುಚ್ಚು ಅಂದ" ಅಂತ ಮಾಯ್ ನಗೋರು. ಆ ಕಡ್ಡಿ ಅದಕ್ಕೂ ಮುಂಚೆ ಯಾರ್ಯಾರ ಹಾಸಿಗೆ ಗಂಟಿಗೆ ಚುಚ್ಚಿ ಬಂದಿತ್ತೋ ದೇವರಿಗೇ ಗೊತ್ತು.

ಮುಂಬೈಗೆ ಕೆಲಸಕ್ಕೆ ಹೋಗೋ ಗೋವಾದವರು ಹಡಗು ಹತ್ತದಿದ್ರೆ ಇದೇ ದಾರಿ: ಕುಲೆಂ, ಕ್ಯಾಸಲ್‌ರಾಕ್, ಲೋಂಡಾ, ಮಿರಜ್, ಪುಣೆ. ಅಡುಗೆಯವರು, ಬ್ಯಾಂಡಿನವರು, ಹಡಗಿನ ಖಲಾಸಿಗಳು, ಟೇಲರ್‌ಗಳು. ಅವರೆಲ್ಲರ ಟ್ರಂಕುಗಳೂ ಈ ಪ್ಲಾಟ್‌ಫಾರ್ಮಿನಲ್ಲಿ ಬಾಯಿ ತೆರೆದಿವೆ.

ಇದೇ ಲೈನಿನ ಮೇಲೆ ರಾಜಕೀಯವೂ ಓಡಾಡ್ತು. 1946ರ ಜೂನ್ 18ರಂದು ರಾಮಮನೋಹರ ಲೋಹಿಯಾ ಮಡಗಾಂವದಲ್ಲಿ ಸಭೆ ಮಾಡಿ ಬಂಧನಕ್ಕೆ ಒಳಗಾದರು. ಗೋವಾದ ಬಿಡುಗಡೆಯ ಹೋರಾಟ ನಿಜವಾಗಿ ಬೀದಿಗೆ ಬಂದದ್ದು ಅವತ್ತು. ಅದೇ ವರ್ಷ ಆಗಸ್ಟ್‌ನಲ್ಲಿ ಗೋವಾದ ಹೋರಾಟಗಾರರು ನ್ಯಾಷನಲ್ ಕಾಂಗ್ರೆಸ್ (ಗೋವಾ) ಕಟ್ಟಿದ್ದು ಎಲ್ಲಿ ಗೊತ್ತಾ? ನಮ್ಮ ಲೋಂಡಾದಲ್ಲಿ. ಗಡಿಯಿಂದ ಈಚೆ, ಪೋರ್ಚುಗೀಸ್ ಪೊಲೀಸರ ಕೈಗೆ ಸಿಗದ ಜಾಗ, ರೈಲಿಳಿದರೆ ಮೀಟಿಂಗು. ಸೆಪ್ಟೆಂಬರ್‌ನಲ್ಲಿ ಲೋಹಿಯಾ ಮತ್ತೆ ಗೋವಾಕ್ಕೆ ಹೊರಟರು. ರೈಲು ಘಟ್ಟ ಇಳಿದು ಕುಲೆಂ ಮುಟ್ಟುತ್ತಿದ್ದಂತೆ ಸ್ಟೇಷನ್ನಲ್ಲೇ ಹಿಡಿದರು. ಆಗ್ವಾದ ಕೋಟೆಯಲ್ಲಿಟ್ಟು, ಆಮೇಲೆ ಗಡಿಯಾಚೆ ಬಿಟ್ಟರು.

1947 ಆಯ್ತು. ಬ್ರಿಟಿಷರು ಹೋದರು, ಪೋರ್ಚುಗೀಸರು ಹೋಗಲಿಲ್ಲ. ಕ್ಯಾಸಲ್‌ರಾಕ್ ಈಗ ಸ್ವತಂತ್ರ ಭಾರತದ ಗಡಿ ಸ್ಟೇಷನ್. ಆಗಿನ್ನೂ ಉತ್ತರ ಕನ್ನಡ ಮುಂಬೈ ರಾಜ್ಯದಲ್ಲಿತ್ತು ಅನ್ನೋದನ್ನ ಮರೀಬಾರದು. ಮೈಸೂರು ರಾಜ್ಯಕ್ಕೆ ಬಂದದ್ದು 1956ರ ನವೆಂಬರ್ 1ಕ್ಕೆ.

1955ರಲ್ಲಿ ಸತ್ಯಾಗ್ರಹಿಗಳ ತಂಡಗಳು ಒಂದರ ಹಿಂದೆ ಒಂದು ಗೋವಾದ ಗಡಿ ದಾಟೋಕೆ ಶುರು ಮಾಡಿದವು. ಕರ್ನಾಟಕದಿಂದಲೂ ಹೋದರು. ನರಗುಂದದ ಜಗನ್ನಾಥರಾವ್ ಜೋಶಿ ಹೀಗೆ ಹೋಗಿ ಗೋವಾದ ಜೈಲು ಸೇರಿದರು. ಆಗಸ್ಟ್ 15ಕ್ಕೆ ದೊಡ್ಡ ಸತ್ಯಾಗ್ರಹ. ಸಾವಿರಾರು ಜನ, ಕೈಯಲ್ಲಿ ಬಾವುಟ ಬಿಟ್ಟರೆ ಏನೂ ಇಲ್ಲ, ಹಲವು ಕಡೆಯಿಂದ ಒಂದೇ ದಿನ ಒಳಗೆ ಕಾಲಿಟ್ಟರು. ಪೋರ್ಚುಗೀಸರು ಗುಂಡು ಹಾರಿಸಿದರು. ಎಲ್ಲ ಕಡೆ ಸೇರಿ ಇಪ್ಪತ್ತಕ್ಕೂ ಹೆಚ್ಚು ಜನ ಸತ್ತರು. ಗಡಿಯ ಪತ್ರಾದೇವಿಯಲ್ಲಿ ಪಂಜಾಬಿನ ಕರ್ನೈಲ್ ಸಿಂಗ್ ಬಿದ್ದದ್ದು ಅವತ್ತೇ. ಅವರ ಹೆಸರು ಪುಸ್ತಕಗಳಲ್ಲಿ ಬಂತು.

ಕ್ಯಾಸಲ್‌ರಾಕ್ ಕಡೆಯಿಂದ ಹೊರಟವರಿಗೆ ರಸ್ತೆ ಎಲ್ಲಿತ್ತು? ಅವರು ಹಳಿ ಹಿಡಿದು ನಡೆದರು. ಮುಂದೆ ಸುರಂಗ. ಆಗಸ್ಟ್ ತಿಂಗಳ ಘಟ್ಟ ಅಂದ್ರೆ ಮಳೆ, ಮಂಜು, ಜಿಗಣೆ. ಸುರಂಗದೊಳಗೆ ಹೊಕ್ಕರೆ ಹಗಲಲ್ಲೂ ಕತ್ತಲು, ಎರಡೂ ಕಡೆ ಕಲ್ಲಿನ ಗೋಡೆ, ಪಕ್ಕಕ್ಕೆ ಸರಿಯೋಕೆ ಜಾಗ ಇಲ್ಲ. ಅಲ್ಲಿ ಅವರ ಮೇಲೆ ಗುಂಡು ಹಾರಿತು. ಅಲ್ಲೂ ಹೆಣ ಬಿದ್ದವು. ಈ ಸುರಂಗಗಳನ್ನ ಈಗ ಗಾಡಿ ದಾಟುವಾಗ ಬೋಗಿಯಲ್ಲಿ ಹುಡುಗರು 'ಹೋ' ಅಂತ ಕೂಗ್ತಾರೆ. ಕೂಗಲಿ, ಮಕ್ಕಳು ಅಲ್ವಾ. ಆದ್ರೆ ಸ್ಕೂಲಲ್ಲಿ ಸ್ವಾತಂತ್ರ್ಯ ಹೋರಾಟ ಅಂತ ಓದುವಾಗ ಈ ಸುರಂಗದ ಮಾತು ಒಂದು ಸಲಾನೂ ನನ್ನ ಕಿವಿಗೆ ಬಿದ್ದಿರಲಿಲ್ಲ. ಕ್ಯಾಸಲ್‌ರಾಕ್ ನಮ್ಮೂರಿಂದ ಅಂಥ ದೂರವೇನೂ ಅಲ್ಲ!

ಅದಾದ ಮೇಲೆ ಭಾರತ ಗಡಿಯನ್ನ ಬಿಗಿಯಾಗಿ ಮುಚ್ಚಿತು. ಕ್ಯಾಸಲ್‌ರಾಕ್‌ನಿಂದ ಕುಲೆಂಗೆ ರೈಲು ನಿಂತುಹೋಯ್ತು. ಆಚೆ ಪೋರ್ಚುಗೀಸರು ತಮ್ಮ ಗಾಡಿ ತಾವು ಓಡಿಸಿಕೊಂಡರು, ಈಚೆ ಲೋಂಡಾದಿಂದ ಬಂದ ಗಾಡಿಗೆ ಕ್ಯಾಸಲ್‌ರಾಕೇ ಕೊನೆ. ನಡುವಿನ ಘಟ್ಟದಲ್ಲಿ ಹಳಿ ಮೇಲೆ ಹುಲ್ಲು.

ಬೆಳಗಾವಿ ತರಕಾರಿ ಇಲ್ಲದೆ ಗೋವಾ ಹೇಗೆ ಬದುಕ್ತು ಅಂತ ನೋಡಿದರೆ ತಮಾಷೆ ಅನ್ಸುತ್ತೆ. ಆಲೂಗಡ್ಡೆ ಹಾಲೆಂಡಿನಿಂದ, ಅಕ್ಕಿ ಪಾಕಿಸ್ತಾನದಿಂದ, ಚಹಾ ಸಿಲೋನಿನಿಂದ, ಸಿಮೆಂಟು ಜಪಾನಿನಿಂದ. ಎಲ್ಲ ಹಡಗಿನಲ್ಲಿ. ಹತ್ತಿರದ ಬೆಳಗಾವಿ ಪೇಟೆ ಬಿಟ್ಟು ಯೂರೋಪಿನ ಬಟಾಟೆ! ವಿಮಾನವೂ ಬೇಕಾಯ್ತು. ದಾಬೋಲಿಂ ನಿಲ್ದಾಣ ಹುಟ್ಟಿದ್ದು ಗಡಿ ಬಿಗಿಯಾಗುತ್ತಿದ್ದ ಆ ಕಾಲದಲ್ಲೇ, 1955ರಲ್ಲಿ. ಇವತ್ತು ಗೋವಾಕ್ಕೆ ವಿಮಾನದಲ್ಲಿ ಹೋಗಿ ದಾಬೋಲಿಂನಲ್ಲಿ ಇಳಿಯೋರಿಗೆ ಆ ರನ್‌ವೇ ಹಿಂದೆ ಮುಚ್ಚುತ್ತಿದ್ದ ಈ ಗಡಿ ಇದೆ ಅಂತ ಹೊಳೆಯೋದು ಕಷ್ಟ. ಗೋವಾದ ಕಬ್ಬಿಣದ ಅದಿರಿಗೆ ಆ ವರ್ಷಗಳಲ್ಲಿ ಜಪಾನ್, ಜರ್ಮನಿಯಲ್ಲಿ ಒಳ್ಳೆ ಬೆಲೆ ಇತ್ತು, ಹಾಗಾಗಿ ಪೋರ್ಚುಗೀಸರಿಗೆ ದುಡ್ಡಿನ ತೊಂದರೆ ಆಗಲಿಲ್ಲ. ತೊಂದರೆ ಆದದ್ದು ಮಾಯ್‌ನಂಥವರಿಗೆ. ಅವರ ಅಮ್ಮ ತೀರಿಕೊಂಡದ್ದು ಆ ವರ್ಷಗಳಲ್ಲಿ. ಸುದ್ದಿ ಬಂದಾಗ ಮಣ್ಣು ಮಾಡಿ ಎಷ್ಟೋ ದಿನ ಆಗಿತ್ತು. ದೋದೋಲ್ ಕಥೆ ಹೇಳಿದಷ್ಟು ಸಲ ಈ ಕಥೆಯನ್ನ ಅವರು ಹೇಳಲಿಲ್ಲ.

1961ರ ಡಿಸೆಂಬರ್‌ನಲ್ಲಿ ಸೇನೆ ಗೋವಾಕ್ಕೆ ಹೋಯ್ತು. 19ನೇ ತಾರೀಕು ಪೋರ್ಚುಗೀಸರು ಶರಣಾದರು. ಇದರ ಬಗ್ಗೆ ಬೇಕಾದಷ್ಟು ಬರೆದಿದ್ದಾರೆ, ನಾನು ಮತ್ತೆ ಬರೆಯಲ್ಲ. ನಮ್ಮ ಲೆಕ್ಕಕ್ಕೆ ಮುಖ್ಯವಾದದ್ದು ಇಷ್ಟು: ಹಳಿ ಸರಿಮಾಡಿ ಮತ್ತೆ ಗಾಡಿ ಬಿಟ್ಟರು. ಕ್ಯಾಸಲ್‌ರಾಕ್‌ನಲ್ಲಿ ಕಸ್ಟಮ್ಸ್ ಹೋಯ್ತು. ಬ್ರಿಟಿಷ್ ಇಂಡಿಯಾ–ಪೋರ್ಚುಗೀಸ್ ಗೋವಾ ಗಡಿ ಆಗಿದ್ದದ್ದು ಭಾರತ–ಪೋರ್ಚುಗಲ್ ಗಡಿಯಾಗಿ, ಮೈಸೂರು ರಾಜ್ಯ–ಕೇಂದ್ರಾಡಳಿತ ಗೋವಾ ಗಡಿಯಾಗಿ, 1987ರಲ್ಲಿ ಗೋವಾ ರಾಜ್ಯವಾದ ಮೇಲೆ ಎರಡು ರಾಜ್ಯಗಳ ಗಡಿಯಾಗಿ, ಕೊನೆಗೆ ಯಾರೂ ಗಮನಿಸದ ಒಂದು ಬೋರ್ಡಿಗೆ ಬಂದು ನಿಂತಿತು.

ಇಂಥ ಸ್ಟೇಷನ್‌ಗಳು ಇಲ್ಲಿಗೆ ಸಾಯಬೇಕು. ಗಡಿಗಾಗಿ ಹುಟ್ಟಿದ್ದು ಗಡಿ ಹೋದ ಮೇಲೆ ಯಾಕಿರಬೇಕು? ಆದ್ರೆ ಗಾಡಿ ನಿಲ್ಲೋದು ನಿಲ್ಲಲಿಲ್ಲ. ಎರಡನೇ ಉತ್ತರ ಮಾವನದು.

"ಕಸ್ಟಮ್ಸ್ ಇರಲಿ ಬಿಡಲಿ, ಅಲ್ಲಿ ನಿಂತೇ ಹೋಗಬೇಕು ನೋಡವಾ. ಮುಂದ ಇಳಿಜಾರ ಐತಿ."

ಕ್ಯಾಸಲ್‌ರಾಕ್‌ನಿಂದ ಕುಲೆಂಗೆ ಸುಮಾರು 26 ಕಿಲೋಮೀಟರ್. ಇಳಿಜಾರು 37ಕ್ಕೆ 1. ಅಂದ್ರೆ 37 ಮೀಟರ್ ಮುಂದೆ ಹೋದರೆ 1 ಮೀಟರ್ ಕೆಳಗೆ. ರಸ್ತೆಯಲ್ಲಿ ಇದು ಏನೂ ಅಲ್ಲ, ಸೈಕಲ್ ಹೊಡೆಯೋರಿಗೂ ಗೊತ್ತಾಗಲ್ಲ. ರೈಲಿಗೆ ಇದು ಭಯಂಕರ. ಕಬ್ಬಿಣದ ಚಕ್ರ, ಕಬ್ಬಿಣದ ಹಳಿ, ಮೇಲಿಂದ ಮಳೆ. ಹಿಡಿತ ತಪ್ಪಿದರೆ ನಿಲ್ಲಿಸೋಕೆ ಆಗಲ್ಲ. ಅದಕ್ಕೇ ಇಳಿಯೋ ಗಾಡಿಯ ಬ್ರೇಕನ್ನ ಮೊದಲು ಕ್ಯಾಸಲ್‌ರಾಕ್‌ನಲ್ಲಿ ಪರೀಕ್ಷೆ ಮಾಡಬೇಕು. ಒಂದೊಂದು ಬೋಗಿಯ ಬ್ರೇಕೂ ಹಿಡೀತಾ, ಬಿಡ್ತಾ ಅಂತ ನೋಡಬೇಕು. ಮಾವನ ಕಾಲದಲ್ಲಿ ವ್ಯಾಕ್ಯೂಮ್ ಬ್ರೇಕು, ಅಂದ್ರೆ ಕೊಳವೆಯ ಗಾಳಿ ಹೀರಿ ನಡೆಸೋ ಬ್ರೇಕು. ಮುಂದಿನ ಇಂಜಿನ್ನಿನಲ್ಲಿ ಡ್ರೈವರ್, ಹಿಂದಿನ ಬ್ರೇಕ್ ವ್ಯಾನಿನಲ್ಲಿ ಗಾರ್ಡ್, ಇಬ್ಬರ ಮುಂದೆಯೂ ಬ್ರೇಕಿನ ಒತ್ತಡ ತೋರಿಸೋ ಒಂದೊಂದು ಮುಳ್ಳು. ಗಾರ್ಡಿನ ಮುಳ್ಳು ಎಲ್ಲಿಗೆ ಬರಬೇಕೋ ಅಲ್ಲಿಗೆ ಬರದೆ ಅವನು ಹಸಿರು ಬಾವುಟ ತೋರಿಸಬಾರದು. ಒಳಗೆ ಕೂತವರು ಎಷ್ಟೇ ಬೈಲಿ.

ಮಾವನ ಹತ್ರ ಒಂದು ಲೈನ್ ಬಾಕ್ಸ್ ಇತ್ತು. ಎಲ್ಲ ಗಾರ್ಡ್‌ಗಳಿಗೂ ಇರೋ ತಗಡಿನ ಪೆಟ್ಟಿಗೆ. ಒಳಗೆ ಕೆಂಪು ಬಾವುಟ, ಹಸಿರು ಬಾವುಟ, ಕೈದೀಪ, ಅಪಾಯ ಇದ್ದರೆ ಸದ್ದಿನಿಂದ ಡ್ರೈವರ್‌ಗೆ ತಿಳಿಸೋಕೆ ಹಳಿ ಮೇಲೆ ಇಡೋ ಪಟಾಕಿಯ ಡಬ್ಬಿ, ಕಾಗದಪತ್ರ. ಒಂದು ಮೂಲೆಯಲ್ಲಿ ನಮ್ಮತ್ತೆ ಕಟ್ಟಿಕೊಟ್ಟ ಜೋಳದ ರೊಟ್ಟಿ, ಶೇಂಗಾ ಚಟ್ನಿಪುಡಿ. ಮಳೆಗಾಲದಲ್ಲಿ ರೊಟ್ಟಿ ಮೆತ್ತಗಾಗಬಾರದು ಅಂತ ಅದನ್ನ ಪ್ಲಾಸ್ಟಿಕ್ಕಿನಲ್ಲಿ ಸುತ್ತಿ, ಬಾವುಟಗಳ ಕೆಳಗೆ ಇಡ್ತಿದ್ದ. ಘಟ್ಟದಲ್ಲಿ ಮಣ್ಣು ಕುಸಿದರೆ ಎಷ್ಟು ಹೊತ್ತು ನಿಲ್ಲಬೇಕೋ ಹೇಳೋಕಾಗಲ್ಲ, ಹಾಗಾಗಿ ಎರಡು ಹೊತ್ತಿಗೆ ಸಾಲೋಷ್ಟು ಕಟ್ಟಿಸ್ಕೊಂಡು ಹೋಗೋನು. ಪೆಟ್ಟಿಗೆ ಈಗ ಅವನ ಮನೆ ಅಟ್ಟದ ಮೇಲಿದೆ. ತೆಗೆದರೆ ಸೀಮೆಎಣ್ಣೆ ವಾಸನೆ ಇನ್ನೂ ಬರುತ್ತೆ.

ಬ್ಯಾಂಕರ್ ಅನ್ನೋ ಮಾತು ಈ ಲೈನಿನಲ್ಲಿ ಮಕ್ಕಳಿಗೂ ಗೊತ್ತು. ಘಟ್ಟ ಏರೋ ಗಾಡಿಗೆ ಕುಲೆಂನಲ್ಲಿ ಹಿಂದಿನಿಂದ ಇಂಜಿನ್ ಹಚ್ಚುತ್ತಾರೆ. ಮುಂದಿನದು ಎಳೀಬೇಕು, ಹಿಂದಿನದು ದೂಡಬೇಕು. ಇಳಿಯುವಾಗಲೂ ಅದು ಹಿಂದೆ ಇದ್ದು ಗಾಡಿಯನ್ನ ಹಿಡಿದುಕೊಳ್ಳೋಕೆ ನೆರವಾಗುತ್ತೆ. ಇಬ್ಬರು ಡ್ರೈವರ್‌ಗಳ ನಡುವೆ ಸಿಳ್ಳೆಯೇ ಮಾತು. ಇಷ್ಟು ಉದ್ದ ಊದಿದರೆ ದೂಡು, ಹೀಗೆ ಊದಿದರೆ ನಿಲ್ಲು. ಉಗಿ ಇಂಜಿನ್ ಕಾಲದಲ್ಲಿ ಸುರಂಗದೊಳಗೆ ಹಿಂದಿನ ಇಂಜಿನ್ನಿನವರ ಪಾಡು ಕೇಳಬಾರದು. ಮುಂದಿನ ಇಂಜಿನ್ ಬಿಟ್ಟ ಹೊಗೆಯೆಲ್ಲ ಇವರ ಮುಖಕ್ಕೆ. ಒದ್ದೆ ಬಟ್ಟೆ ಮೂಗಿಗೆ ಕಟ್ಟಿಕೊಂಡು, ಬಗ್ಗಿ ಕೂತು ಸುರಂಗ ಕಳೀತಿದ್ರಂತೆ. ಮಾವ ನೌಕರಿಗೆ ಸೇರಿದಾಗ ಹಳೇ ಫೈರ್‌ಮನ್‌ಗಳು ಈ ಕಥೆ ಹೇಳಿ ಹೆದರಿಸ್ತಿದ್ದರು.

ಎಲ್ಲಕ್ಕಿಂತ ನನಗೆ ಇಷ್ಟ ಆದದ್ದು ಕ್ಯಾಚ್ ಸೈಡಿಂಗ್. ಘಟ್ಟದ ನಡುವೆ ಕರಂಜೋಳ, ದೂಧಸಾಗರ, ಸೋನಾಲಿಂ ಅಂತ ಸಣ್ಣ ಸ್ಟೇಷನ್‌ಗಳಿವೆ. ಪ್ರಯಾಣಿಕರಿಗೆ ಅವುಗಳಿಂದ ಹೆಚ್ಚು ಉಪಯೋಗ ಇಲ್ಲ. ಅವು ಇರೋದು ಗಾಡಿಯನ್ನ ತಡೆಯೋಕೆ. ಸೈಡಿಂಗ್ ಇರೋ ಕಡೆ, ಇಳಿದು ಬರೋ ಗಾಡಿಗೆ ಹಳಿ ಮಾಮೂಲಾಗಿ ಮುಖ್ಯ ಲೈನಿಗೆ ಕೂಡಿಸಿರಲ್ಲ. ಗುಡ್ಡದ ಕಡೆ ಏರಿ ಹೋಗಿ ಅಲ್ಲೇ ಮುಗಿದುಹೋಗೋ ಒಂದು ಹಳಿಗೆ ಕೂಡಿಸಿರ್ತಾರೆ. ಡ್ರೈವರ್ ಗಾಡಿಯನ್ನ ಪೂರ್ತಿ ನಿಲ್ಲಿಸಿ ತೋರಿಸಬೇಕು. ಗಾಡಿ ಹತೋಟಿಯಲ್ಲಿದೆ ಅಂತ ಖಾತ್ರಿ ಆದ ಮೇಲೇ ಸ್ಟೇಷನ್ ಮಾಸ್ಟರ್ ಮುಖ್ಯ ಲೈನಿಗೆ ದಾರಿ ಕೊಡೋದು. ಬ್ರೇಕ್ ತಪ್ಪಿದ ಗಾಡಿ ತಾನಾಗೇ ಆ ಏರು ಹಳಿಗೆ ನುಗ್ಗಿ, ವೇಗ ಕಳಕೊಂಡು ನಿಲ್ಲುತ್ತೆ. ಅಂದ್ರೆ ಇಲ್ಲಿ ನಿಯಮ ಉಲ್ಟಾ. ಬೇರೆ ಕಡೆ ಗಾಡಿ ಸರಿಯಾಗಿದೆ ಅಂದುಕೊಂಡೇ ಬಿಡ್ತಾರೆ. ಈ ಘಟ್ಟದಲ್ಲಿ ಗಾಡಿ ಕೆಟ್ಟಿದೆ ಅಂತಲೇ ಲೆಕ್ಕ, ಕೆಟ್ಟಿಲ್ಲ ಅಂತ ಡ್ರೈವರ್ ತೋರಿಸಿಕೊಡಬೇಕು. ಕಸ್ಟಮ್ಸ್‌ನವರದೂ ಇದೇ ನಿಯಮ ಇತ್ತು ಅಂತ ನಾನಂದ್ರೆ ಮಾವ ನಗಲಿಲ್ಲ. ಬ್ರೇಕಿನ ವಿಷಯದಲ್ಲಿ ಅವನಿಗೆ ತಮಾಷೆ ಆಗಲ್ಲ.

1990ರ ದಶಕದಲ್ಲಿ ಮೀಟರ್ ಗೇಜ್ ಕಿತ್ತು ಅಗಲ ಹಳಿಯ ಬ್ರಾಡ್ ಗೇಜ್ ಹಾಕಿದರು. ಆ ಕೆಲಸ ನಡೆಯುವಾಗ ಘಟ್ಟದಲ್ಲಿ ಗಾಡಿ ಇಲ್ಲ. ಆಗಲೇ ಕೊಂಕಣ ರೈಲ್ವೆ ಬಂದು ಮುಂಬೈ–ಗೋವಾ ನೇರ ದಾರಿ ಆಯ್ತು. ಲೋಂಡಾ ಸುತ್ತಿಕೊಂಡು ಹೋಗೋದು ಯಾರಿಗೆ ಬೇಕು? ಆದ್ರೂ ಹುಬ್ಬಳ್ಳಿ ಕಡೆಯವರಿಗೆ, ಬಳ್ಳಾರಿ ಕಡೆಯ ಗೂಡ್ಸ್‌ಗೆ ಇದೇ ಲೈನು. 2003ರಲ್ಲಿ ಹುಬ್ಬಳ್ಳಿ ನೈಋತ್ಯ ರೈಲ್ವೆಯ ಕೇಂದ್ರ ಆದ ಮೇಲೆ ಘಟ್ಟದ ಲೆಕ್ಕಪತ್ರ ನಮ್ಮ ಕಡೆಗೇ ಬಂತು. ಕೊಂಕಣ ಲೈನಿನಲ್ಲಿ ಏನಾದ್ರೂ ಆದರೆ ಅಲ್ಲಿನ ಗಾಡಿಗಳೂ ಈ ಕಡೆಗೇ ತಿರುಗ್ತವೆ. 2021ರ ಜುಲೈನಲ್ಲಿ ಹಾಗೆ ತಿರುಗಿಸಿದ ಮಂಗಳೂರು–ಮುಂಬೈ ಗಾಡಿಯೊಂದು ದೂಧಸಾಗರ–ಸೋನಾಲಿಂ ನಡುವೆ ಮಣ್ಣು ಕುಸಿದು ಹಳಿ ತಪ್ಪಿತ್ತು. ಒಂದು ಕಡೆ ಮಳೆಯಿಂದ ತಪ್ಪಿಸಿಕೊಂಡು ಬಂದ ಗಾಡಿ ಇನ್ನೊಂದು ಮಳೆಗೆ ಸಿಕ್ಕಿತು. 2024ರ ಆಗಸ್ಟ್‌ನಲ್ಲಿ ಅದೇ ಜಾಗದಲ್ಲಿ ಕಲ್ಲಿದ್ದಲಿನ ಗೂಡ್ಸ್ ಹಳಿ ತಪ್ಪಿತು.

ಕಲ್ಲಿದ್ದಲು ಅಂದ ಮೇಲೆ ಈಗಿನ ಜಗಳ ಹೇಳಲೇಬೇಕು. ಹಿಂದೆ ಹತ್ತಿ ಕೆಳಗೆ ಹೋಗಬೇಕು ಅಂತ ಹಾಕಿದ ಲೈನು. ಈಗ ಮುರ್ಗಾಂವ ಬಂದರಿನಲ್ಲಿ ಇಳಿದ ಕಲ್ಲಿದ್ದಲು ಮೇಲೆ ಬರುತ್ತೆ, ತೋರಣಗಲ್ಲಿನ ಉಕ್ಕಿನ ಕಾರ್ಖಾನೆ ಕಡೆಗೆ. ಭಾರ ಏರಬೇಕು, ಅದೂ 37ಕ್ಕೆ 1ರಲ್ಲಿ. ಒಂದೇ ಹಳಿ ಸಾಲಲ್ಲ, ಜೋಡಿ ಮಾರ್ಗ ಬೇಕು ಅಂತ ರೈಲ್ವೆ. ಗೋವಾದವರಿಗೆ ಅದು ಬೇಡ. ಕಲ್ಲಿದ್ದಲ ಧೂಳು ನಮ್ಮ ಮನೆಗೆ, ಲಾಭ ಬೇರೆಯವರಿಗೆ ಅಂತ ಅವರ ವಾದ. 2020ರಲ್ಲಿ ಚಾಂದರ್‌ನಲ್ಲಿ ಜನ ರಾತ್ರಿಯೆಲ್ಲ ಹಳಿ ಮೇಲೆ ಕೂತರು. ಈ ಕಡೆ ಕಾಳಿ ಹುಲಿ ಸಂರಕ್ಷಿತ ಪ್ರದೇಶ, ಆ ಕಡೆ ಭಗವಾನ್ ಮಹಾವೀರ ಅಭಯಾರಣ್ಯ. 2022ರ ಮೇ 9ರಂದು ಸುಪ್ರೀಂ ಕೋರ್ಟ್ ಈ ಜೋಡಿ ಮಾರ್ಗಕ್ಕೆ ವನ್ಯಜೀವಿ ಮಂಡಳಿ ಕೊಟ್ಟಿದ್ದ ಒಪ್ಪಿಗೆಯನ್ನ ರದ್ದು ಮಾಡಿತು.

ನಮ್ಮನೆಯಲ್ಲಿ ಇದಕ್ಕೆ ಎರಡು ಪಕ್ಷ. ನಾನು ಕೋರ್ಟ್ ಮಾಡಿದ್ದು ಸರಿ ಅಂತೀನಿ. ಆ ಘಟ್ಟದಲ್ಲಿ ಇನ್ನೊಂದು ಸಾಲು ಸುರಂಗ ಕೊರೆದರೆ ಉಳಿದಿರೋ ಮಣ್ಣೂ ಕೆಳಗೆ ಬರುತ್ತೆ, ಈಗಲೇ ವರ್ಷಾ ವರ್ಷಾ ಬರ್ತಾ ಇದೆ. ಮಾವ ಒಪ್ಪಲ್ಲ. ಒಂದೇ ಹಳಿಯಲ್ಲಿ ಪ್ಯಾಸೆಂಜರ್ ಗಾಡಿಯನ್ನ ಸ್ಟೇಷನ್ನಿನ ಪಕ್ಕದ ಲೂಪ್ ಹಳಿಯಲ್ಲಿ ನಿಲ್ಲಿಸಿ ಗೂಡ್ಸ್‌ಗೆ ದಾರಿ ಕೊಡೋದನ್ನ ಸರ್ವೀಸ್ ಪೂರ್ತಿ ನೋಡಿದವನು. "ನೀ ಕಾಡಿನ ಬಗ್ಗೆ ಹೇಳ್ತಿ, ಖರೇ ಐತಿ. ಆದ್ರ ಮಳ್ಯಾಗ ರಾತ್ರಿ ಮೂರಕ್ಕ ಕರಂಜೋಳದಾಗ ಗಾಡಿ ನಿಲ್ಲಿಸ್ಕೊಂಡು ಕುಂತವ ನಾ." ಅದಕ್ಕೆ ನನ್ನ ಹತ್ರ ಉತ್ತರ ಇಲ್ಲ. ಅತ್ತೆ ಚಹಾ ತಂದಿಟ್ಟು, ಇಬ್ಬರೂ ಸುಮ್ನಿರಿ ಅಂತಾರೆ.

ನೋಡಬೇಕು ಅನ್ನೋರಿಗೆ ಒಂದೆರಡು ಮಾತು. ಹುಬ್ಬಳ್ಳಿಯಿಂದ ವಾಸ್ಕೋ ಕಡೆಗೆ ಹೋಗೋ, ಘಟ್ಟವನ್ನ ಹಗಲಲ್ಲಿ ದಾಟೋ ಗಾಡಿಗೆ ಟಿಕೆಟ್ ಮಾಡಿಸಿ. ಕ್ಯಾಸಲ್‌ರಾಕ್‌ನಲ್ಲಿ ಇಳಿದು ಪ್ಲಾಟ್‌ಫಾರ್ಮಿನ ಹಿಂದಿನ ತುದಿವರೆಗೂ ಹೋಗಿ. ಬ್ಯಾಂಕರ್ ಇದ್ದರೆ ಅಲ್ಲೇ ಸಿಗುತ್ತೆ. ಬೋಗಿಗಳ ಕೆಳಗೆ ಬಗ್ಗಿ ಬಗ್ಗಿ ನೋಡ್ಕೊಂಡು ಬರೋ ಸಿಬ್ಬಂದಿಗೆ ದಾರಿ ಬಿಡಿ, ಅವರ ಜೊತೆ ಸೆಲ್ಫಿ ಬೇಡ. ಚಹಾ ಲೋಂಡಾದಲ್ಲೇ ಕುಡಿದುಬಿಡಿ, ಇಲ್ಲಿ ಸಿಕ್ಕರೆ ಅದೃಷ್ಟ. ಮತ್ತೆ ದಯವಿಟ್ಟು ದೂಧಸಾಗರದಲ್ಲಿ ಇಳೀಬೇಡಿ. ಬಸ್ಕಿ ಹೊಡೆಯೋ ವಯಸ್ಸು ನಮ್ಮದಲ್ಲ.